ಅಪ್ಪನ ಹೆಸರಿನಲ್ಲಿರುವ ಜಮೀನು ಪಿತ್ರಾರ್ಜಿತ ಎಂದು ಸಾಬೀತು ಮಾಡುವುದು ಹೇಗೆ?

ತಿಪಟೂರು ಸೀಮೆ

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಬರೆಯುತ್ತಿದ್ದೇನೆ, ದಯವಿಟ್ಟು ಓದಿ.

ನಾವು ಮೂವರು ಮಕ್ಕಳು. ಇಬ್ಬರು ಅಣ್ಣಂದಿರು, ಕೊನೆಯವಳು ನಾನು. ನನ್ನ ಮದುವೆ ಆದದ್ದು 1992ರಲ್ಲಿ. ಅಮ್ಮ ಮೊದಲೇ ಹೋದರು, ಅಪ್ಪ 2021ರಲ್ಲಿ ತೀರಿಕೊಂಡರು. ವರ್ಷಾಬ್ದಿಕ ಮುಗಿದ ಮೇಲೆ ಪಾಲಿನ ಮಾತು ಎತ್ತಿದಾಗ ಅಣ್ಣಂದಿರು 2015ರ ಒಂದು ರಿಜಿಸ್ಟರ್ ವಿಲ್ ತೋರಿಸಿದರು. ಎಲ್ಲವೂ ಅಪ್ಪನ ಸ್ವಯಾರ್ಜಿತ, ಎಲ್ಲವೂ ಇಬ್ಬರು ಗಂಡುಮಕ್ಕಳಿಗೆ ಎಂದು ಅದರಲ್ಲಿದೆ. ನನ್ನ ಹೆಸರು ಬರುವುದು ಒಂದೇ ಕಡೆ: "ಮಗಳಿಗೆ ಮದುವೆಯ ಕಾಲದಲ್ಲಿ ಕೊಡಬೇಕಾದ್ದನ್ನು ಕೊಟ್ಟಿರುತ್ತೇನೆ."

ಆಸ್ತಿ ಇಷ್ಟು. ಎರಡು ಎಕರೆ ಹತ್ತು ಗುಂಟೆ ತೆಂಗಿನ ತೋಟ, ತಾತನ ಕಾಲದ್ದು. ಮೂರು ಎಕರೆ ಖುಷ್ಕಿ (ಮಳೆಯಾಧಾರದ ಹೊಲ), 1971ರಲ್ಲಿ ಅಪ್ಪನ ಹೆಸರಿಗೆ ಕ್ರಯ ಆದದ್ದು. ಒಂದೂವರೆ ಎಕರೆ, ಫಾರಂ 7 (ಗೇಣಿದಾರರು ಹಕ್ಕು ಕೇಳುವ ಅರ್ಜಿ) ಹಾಕಿ ಭೂ ನ್ಯಾಯಮಂಡಳಿಯಿಂದ ಅಪ್ಪನ ಹೆಸರಿಗೆ ಆದದ್ದು. ಮತ್ತೆ ಊರಿನ ಹಳೇ ಮನೆ.

ನಾನು ಲಾಯರ್ ನೋಟಿಸ್ ಕೊಡಿಸಿದ್ದಕ್ಕೆ ಬಂದ ಉತ್ತರದಲ್ಲಿ "ಎಲ್ಲವೂ ಸ್ವಯಾರ್ಜಿತ, ಅಲ್ಲದೆ 1996ರಲ್ಲೇ ಪಾಲುಪಟ್ಟಿ ಆಗಿದೆ" ಎಂದಿದ್ದಾರೆ. ಆ ಪಾಲುಪಟ್ಟಿ ರಿಜಿಸ್ಟರ್ ಆಗಿಲ್ಲ, ನಾನು ನೋಡಿಯೂ ಇಲ್ಲ.

ತೋಟ ನಮ್ಮ ಮುತ್ತಾತನಿಂದ ಬಂದದ್ದು ಎಂದು ಊರಿಗೆಲ್ಲ ಗೊತ್ತು. ಆದರೆ ಕೋರ್ಟಿಗೆ ಅದನ್ನು ತೋರಿಸುವುದು ಹೇಗೆ? ನನ್ನ ಕೈಯಲ್ಲಿರುವುದು ಈಗಿನ ಪಹಣಿ ಮತ್ತು ನಾಡಕಚೇರಿಯ ವಂಶವೃಕ್ಷ ಮಾತ್ರ.

ಕಡತದ ಕೋಣೆ

ಕಂದಾಯ ಇಲಾಖೆಯಲ್ಲಿದ್ದು ನಿವೃತ್ತನಾದವನು ನಾನು. ತಾಯಿ, ನಿಮ್ಮ ವಿಷಯದಲ್ಲಿ ಎಲ್ಲಕ್ಕಿಂತ ಮುಖ್ಯವಾದದ್ದು ಆ ವಿಲ್. ಅದೊಂದು ಇಲ್ಲದಿದ್ದರೆ ಈ ಪ್ರಶ್ನೆಯೇ ಇಷ್ಟು ಭಾರವಾಗುತ್ತಿರಲಿಲ್ಲ. ತಂದೆ ವಿಲ್ ಬರೆಯದೆ ತೀರಿಕೊಂಡರೆ ಅವರ ಸ್ವಯಾರ್ಜಿತದಲ್ಲೂ ಮಗ, ಮಗಳು ಇಬ್ಬರಿಗೂ ಸಮಪಾಲು. 1956ರ ಹಿಂದೂ ಉತ್ತರಾಧಿಕಾರ ಕಾಯಿದೆಯಲ್ಲಿ ಮೊದಲಿಂದಲೂ ಹಾಗೇ ಇದೆ. ಎಷ್ಟೋ ಹೆಣ್ಣುಮಕ್ಕಳು ಇದು ಗೊತ್ತಿಲ್ಲದೆ "ಸ್ವಯಾರ್ಜಿತ ಅಂದುಬಿಟ್ಟರು, ಇನ್ನು ನಮಗೇನೂ ಇಲ್ಲ" ಎಂದು ಸುಮ್ಮನಾಗುತ್ತಾರೆ. ಇದನ್ನು ಓದುತ್ತಿರುವ ಬೇರೆಯವರೂ ಗಮನಿಸಿ: ವಿಲ್, ದಾನಪತ್ರ ಅಥವಾ ಮಾರಾಟ ಆಗಿದ್ದರೆ ಮಾತ್ರ ಪಿತ್ರಾರ್ಜಿತವೋ ಸ್ವಯಾರ್ಜಿತವೋ ಎಂಬುದು ಸೋಲು ಗೆಲುವಿನ ಪ್ರಶ್ನೆಯಾಗುತ್ತದೆ.

ನಿಮ್ಮಲ್ಲಿ ವಿಲ್ ಇದೆ, ಹಾಗಾಗಿ ಸಾಬೀತು ಮಾಡಲೇಬೇಕು. "ಆಸ್ತಿ ಪಿತ್ರಾರ್ಜಿತ" ಎಂದು ಎಲ್ಲವನ್ನೂ ಒಂದೇ ಗಂಟಿನಲ್ಲಿ ಕಟ್ಟಬೇಡಿ. ಒಂದೊಂದು ಸರ್ವೆ ನಂಬರನ್ನೂ ಬಿಡಿಯಾಗಿ ಹಿಡಿದು ಅದು ಎಲ್ಲಿಂದ ಬಂತು ಎಂದು ಹಿಂದಕ್ಕೆ ನಡೆಯಿರಿ. ನಿಮ್ಮ ಮೂರು ಜಮೀನಿಗೂ ಬೇರೆ ಬೇರೆ ಕಥೆ ಇದೆ, ಬೇರೆ ಬೇರೆ ದಾಖಲೆ ಬೇಕು.

ಕೈಯಲ್ಲಿರುವ ಪಹಣಿಯಿಂದಲೇ ಶುರು ಮಾಡಿ. ಎಲ್ಲರೂ ನೋಡುವುದು 9ನೇ ಕಾಲಂ, ಅಂದರೆ ಹೆಸರು. ನೀವು 10ನೇ ಕಾಲಂ ನೋಡಿ. ಆ ಹೆಸರು ಹೇಗೆ ಬಂತು ಎಂಬುದು ಅಲ್ಲಿ ಎಂ.ಆರ್. (ಮ್ಯುಟೇಶನ್ ರಿಜಿಸ್ಟರ್, ಅಂದರೆ ಖಾತೆ ಬದಲಾವಣೆಯ ಪುಸ್ತಕ) ನಂಬರು, ಐ.ಎಚ್.ಸಿ. ನಂಬರು ಅಥವಾ ಆರ್.ಆರ್. (ರೆಕಾರ್ಡ್ ಆಫ್ ರೈಟ್ಸ್, ಹಕ್ಕು ದಾಖಲೆ) ನಂಬರಾಗಿ ಇರುತ್ತದೆ. ಐ.ಎಚ್.ಸಿ. ಎಂದಿದ್ದರೆ ವಾರಸಾ, ಅಂದರೆ ಪೌತಿಯಿಂದ (ಖಾತೆದಾರ ತೀರಿಕೊಂಡದ್ದರಿಂದ) ಖಾತೆ ಬದಲಾಗಿದೆ ಎಂದರ್ಥ. ಆ ನಂಬರು ಹಾಕಿ ಮ್ಯುಟೇಶನ್ ರಿಜಿಸ್ಟರಿನ ದೃಢೀಕೃತ ನಕಲು ಕೇಳಿ. ಅದರಲ್ಲಿ ಹಿಂದಿನ ಖಾತೆದಾರನ ಹೆಸರಿದ್ದು, ಯಾವ ಕಾರಣಕ್ಕೆ ಬದಲಾಯಿತು ಎಂಬ ಷರಾ ಇರುತ್ತದೆ. ಅಲ್ಲಿಂದ ಹಿಂದಿನದಕ್ಕೆ ಹೋಗಿ. ಭೂಮಿ ತಂತ್ರಾಂಶದಲ್ಲಿ ಇರುವುದು ಗಣಕೀಕರಣ ಆದಮೇಲಿನದು, ಸುಮಾರು 2000ದಿಂದ ಈಚೆಗೆ. ಅದಕ್ಕೆ ಹಿಂದಿನ ಕೈಬರಹದ ಪಹಣಿಗೆ ತಾಲ್ಲೂಕು ಕಚೇರಿಯ ರೆಕಾರ್ಡ್ ರೂಮಿಗೆ ಅರ್ಜಿ ಹಾಕಿ. ನಿಮ್ಮದು ಹಳೇ ಮೈಸೂರು ಸೀಮೆ. ಹಾಗಾಗಿ 1964ರ ಭೂಕಂದಾಯ ಕಾಯಿದೆಗಿಂತ ಹಿಂದಿನ ಇಂಡೆಕ್ಸ್ ಆಫ್ ಲ್ಯಾಂಡ್ಸ್ ಮತ್ತು ರೆಕಾರ್ಡ್ ಆಫ್ ರೈಟ್ಸ್, ಅಂದರೆ ಐ.ಎಲ್., ಆರ್.ಆರ್. ಕೇಳಿ. ಆರ್.ಆರ್.ನಲ್ಲಿ ಹಕ್ಕು ಬಂದ ಬಗೆಯನ್ನು "ಪಿತ್ರಾರ್ಜಿತ", "ಕ್ರಯ", "ಪಾಲು" ಎಂದು ಶಾನುಭೋಗರು ಬರೆದಿಟ್ಟಿರುವ ಪುಟಗಳನ್ನು ನಾನೇ ಕಣ್ಣಾರೆ ನೋಡಿದ್ದೇನೆ. ತೋಟಕ್ಕೆ ಅಂಥ ಒಂದು ಪುಟ ಸಿಕ್ಕರೆ ನಿಮ್ಮ ಕೆಲಸ ಬಹುಪಾಲು ಆದಂತೆ.

ಮಂಡ್ಯದ ರೈತ

ಅಕ್ಕ, ಇವರು ಹೇಳಿದ್ದನ್ನು ಗಟ್ಟಿಯಾಗಿ ಹಿಡಿದುಕೊಳ್ಳಿ. ನಮ್ಮ ಚಿಕ್ಕಪ್ಪನ ಮಕ್ಕಳು ಹಾಕಿದ್ದ ದಾವೆ ಇದೇ ಕಾರಣಕ್ಕೆ ವಜಾ ಆಯಿತು. ಅವರ ಕಡೆಯಿಂದ ನಿಶಾನೆ (ಕೋರ್ಟಿನಲ್ಲಿ ಸಾಕ್ಷ್ಯವಾಗಿ ಗುರುತು) ಆದದ್ದು ಹತ್ತು ವರ್ಷದ ಪಹಣಿ ಮತ್ತು ವಂಶವೃಕ್ಷ ಮಾತ್ರ. ಪಾಟೀ ಸವಾಲಿನಲ್ಲಿ (ಎದುರು ವಕೀಲರ ಪ್ರಶ್ನೆಗಳಲ್ಲಿ) "ಈ ಜಮೀನು ನಿಮ್ಮ ಮುತ್ತಾತನಿಗೆ ಹೇಗೆ ಬಂತು?" ಎಂದು ಕೇಳಿದಾಗ "ಊರವರೆಲ್ಲ ಹೇಳುತ್ತಾರೆ" ಎಂದರು. ವಂಶವೃಕ್ಷ ಸಂಬಂಧವನ್ನು ತೋರಿಸುತ್ತದೆಯೇ ಹೊರತು ಜಮೀನಿನ ಮೂಲವನ್ನು ತೋರಿಸುವುದಿಲ್ಲ ಎಂದು ಜಡ್ಜ್‌ಮೆಂಟಿನಲ್ಲಿ ಸ್ಪಷ್ಟವಾಗಿ ಬರೆದಿದ್ದಾರೆ.

ಇನ್ನೊಂದು ಮಾತು. ನಾಡಕಚೇರಿಯ ವಂಶವೃಕ್ಷದಲ್ಲಿ ನಿಮ್ಮ ಹೆಸರಿದೆಯೇ ನೋಡಿ. ಅಫಿಡವಿಟ್ ಕೊಟ್ಟವರು ಹೆಣ್ಣುಮಕ್ಕಳನ್ನು ಬಿಟ್ಟು ಮಾಡಿಸಿರುವುದು ನಮ್ಮ ಹೋಬಳಿಯಲ್ಲೇ ಬೇಕಾದಷ್ಟಿದೆ.

ಧಾರವಾಡದ ವಕೀಲ

ಅಕ್ಕಾರ, ಕಾನೂನಿನ ಕಡೆಯಿಂದ ಎರಡು ಮಾತು ಹೇಳ್ತೀನಿ.

ಮನೆತನ ಒಟ್ಟಿಗಿತ್ತು ಅಂದ ಮಾತ್ರಕ್ಕೆ ಆಸ್ತಿನೂ ಒಟ್ಟು ಕುಟುಂಬದ್ದು ಅಂತ ಕೋರ್ಟು ಊಹೆ ಮಾಡೂದಿಲ್ರಿ. 1947ರಾಗ ಪ್ರಿವಿ ಕೌನ್ಸಿಲ್ ಅಪ್ಪಲಸ್ವಾಮಿ ಪ್ರಕರಣದಾಗ ಹೇಳಿದ್ದು ಇದನ್ನ. 1954ರಾಗ ಕಂಗೋ ಪ್ರಕರಣದಾಗ ಸುಪ್ರೀಂ ಕೋರ್ಟು ಅದನ್ನೇ ಒಪ್ಕೊಂಡು ಬೆಳಸ್ತು, 2003ರಾಗ ಮತ್ತ ಹೇಳ್ತು. ಪಿತ್ರಾರ್ಜಿತ ಅನ್ನೋರೇ ಸಾಬೀತು ಮಾಡಬೇಕು. ಆದ್ರ ಕುಟುಂಬದ ಕೈಯಾಗ ಒಂದು ಮೂಲ ಆಸ್ತಿ ಇತ್ತು, ಅದರಿಂದ ಬಂದ ಉತ್ಪನ್ನದಾಗ ಮುಂದಿನ ಆಸ್ತಿ ಕೊಳ್ಳೂವಷ್ಟು ಉಳಿತಿತ್ತು ಅಂತ ತೋರಿಸಿದ್ರ ಭಾರ ಎದುರಿನವರ ಹೆಗಲಿಗೆ ಹೋಗ್ತದ. ಆಗ "ಇಲ್ಲ, ನಮ್ಮಪ್ಪ ತನ್ನ ಸ್ವಂತ ದುಡಿಮೆಯಿಂದ ಕೊಂಡಾನ" ಅನ್ನೂದನ್ನ ಅವರು ಸಾಬೀತು ಮಾಡಬೇಕು. ಇದಕ್ಕ ಕೋರ್ಟಿನಾಗ ನ್ಯೂಕ್ಲಿಯಸ್ ಅಂತಾರ. ನಿಮ್ಮ 1971ರ ಖರೀದಿ ನಿಲ್ಲೂದು ಬೀಳೂದು ಇದರ ಮ್ಯಾಲೆ.

ಬರೇ ಎರಡೆಕರೆ ಇತ್ತು ಅಂದ್ರ ಸಾಲದು, ಅದು ಏನು ಕೊಡ್ತಿತ್ತು ಅಂತನೂ ಬೇಕು. ತೆಂಗು ಇತ್ತೋ, ಒಣ ಬೇಸಾಯ ಇತ್ತೋ, ಬಾವಿ ಇತ್ತೋ? ಹಳೇ ಪಹಣಿಯಾಗ ಬೆಳೆಯ ಕಾಲಂ, ನೀರಾವರಿ ಕಾಲಂ ಇರ್ತಾವಲ್ಲ, ಅವನ್ನ ಬಿಡಬ್ಯಾಡ್ರಿ. ಹಂಗೇ ನಿಮ್ಮ ತಂದೆಯವರಿಗೆ 1971ರಾಗ ಬೇರೆ ಆದಾಯ ಇತ್ತೇನು? ನೌಕರಿ, ಅಂಗಡಿ, ಗುತ್ತಿಗೆ? ಇದ್ರ ಅವರ ವಕೀಲರು ಅದನ್ನ ತಂದೇ ತರ್ತಾರ.

ಎರಡನೇದು ತಾರೀಖು. ನಿಮ್ಮ ತಾತ ತೀರಿದ್ದು 1956ರ ಜೂನ್ 17ಕ್ಕಿಂತ ಮೊದಲೋ, ಆಮ್ಯಾಲೋ? ಉತ್ತರಾಧಿಕಾರ ಕಾಯಿದೆ ಜಾರಿಗೆ ಬಂದದ್ದು ಅವತ್ತು. ಅದಕ್ಕಿಂತ ಮೊದಲು ತಂದೆ, ತಾತ, ಮುತ್ತಾತನಿಂದ ಇಳಿದು ಬಂದ ಆಸ್ತಿಯಾಗ ಮಕ್ಕಳಿಗೆ ಹುಟ್ಟಿನಿಂದಲೇ ಹಕ್ಕು. ಅದು ತಾತನ ಸ್ವಂತ ಗಳಿಕೆ ಆಗಿದ್ರೂ ನಿಮ್ಮ ತಂದೆಯವರ ಕೈಗೆ ಬಂದಾಗ ಪಿತ್ರಾರ್ಜಿತ ಆಗ್ತಿತ್ತು. ಅದೇ ತಾತನ ಸ್ವಂತ ಗಳಿಕೆ 1956ರ ನಂತರ ನಿಮ್ಮ ತಂದೆಯವರಿಗೆ 8ನೇ ಕಲಂ ಪ್ರಕಾರ ಬಂದಿದ್ರ ಅದು ಅವರ ಸ್ವಂತದ್ದು ಅಂತ 1986ರ ಚಂದರ್ ಸೇನ್ ಪ್ರಕರಣದಿಂದ ಈಚೆ ಕೋರ್ಟುಗಳು ಹೇಳ್ತಾ ಬಂದಾವ. ಮುತ್ತಾತನಿಂದಲೇ ಬಂದದ್ದು ಅಂತ ತೋರಿಸಿದ್ರ ಆ ತೊಡಕು ಇಲ್ಲ, ಹುಟ್ಟಿನ ಹಕ್ಕು ಮೊದಲೇ ಕೂತಿರ್ತದ. ಆದ್ರ ತಾತನ ಪಾಲು ಯಾರ್ಯಾರಿಗೆ ಹೋತು ಅನ್ನೂ ಲೆಕ್ಕ ಆಗಲೂ ತಾರೀಖಿನ ಮ್ಯಾಲೇ ನಿಲ್ತದ.

ತಿಪಟೂರು ಸೀಮೆ

ಇಬ್ಬರಿಗೂ ಧನ್ಯವಾದ. ಅಪ್ಪನಿಗೆ ಬೇರೆ ಯಾವ ದುಡಿಮೆಯೂ ಇರಲಿಲ್ಲ. ಬೇಸಾಯ ಬಿಟ್ಟರೆ ಬೇರೆ ಗೊತ್ತಿರಲಿಲ್ಲ. ತೋಟದಲ್ಲಿ ಕಪಿಲೆ ಬಾವಿ ಇತ್ತು, ಈಗಲೂ ಅದರ ಕಲ್ಲುಕಟ್ಟು ಇದೆ.

ತಾತ ಯಾವಾಗ ಹೋದರು ಎಂಬುದೇ ತೊಂದರೆ. ಮನೆಯಲ್ಲಿ ಒಬ್ಬೊಬ್ಬರು ಒಂದೊಂದು ಹೇಳುತ್ತಾರೆ. ಒಬ್ಬರು 1955 ಎಂದರೆ ಇನ್ನೊಬ್ಬರು 1957 ಎನ್ನುತ್ತಾರೆ. ಮರಣ ಪತ್ರ ಇಲ್ಲ.

ಕಡತದ ಕೋಣೆ

ಆ ಕಾಲದಲ್ಲೂ ಹಳ್ಳಿಯಲ್ಲಿ ಜನನ ಮರಣದ ರಿಜಿಸ್ಟರ್ ಇಡುತ್ತಿದ್ದರು. ಊರಿನ ಪಟೇಲರು ಬರೆದು ತಾಲ್ಲೂಕಿಗೆ ಕಳಿಸುತ್ತಿದ್ದರು. ತಹಶೀಲ್ದಾರ್ ಕಚೇರಿಯಲ್ಲಿ ಆ ಊರಿನ, ಆ ವರ್ಷಗಳ ಪುಸ್ತಕ ಹುಡುಕಿಸಿ. ಸಿಗದಿದ್ದರೆ ತೋಟದ ಖಾತೆ ತಾತನಿಂದ ಅಪ್ಪನಿಗೆ ಬದಲಾದ ನಮೂದೇ ನಿಮಗೆ ಆಧಾರ. ಯಾವ ತಾರೀಖಿನಲ್ಲಿ ಪೌತಿ ವರದಿ ಆಯಿತು ಎಂಬುದು ಅದರಲ್ಲಿರುತ್ತದೆ. ಸಮಾಧಿಯ ಕಲ್ಲಿನಲ್ಲಿ ಸಂವತ್ಸರ, ಮಾಸ, ತಿಥಿ ಕೆತ್ತಿಸುವ ಪದ್ಧತಿ ನಿಮ್ಮಲ್ಲಿದ್ದರೆ ಅದನ್ನೂ ಫೋಟೋ ತೆಗೆಸಿ. 1955ರ ಯುಗಾದಿಯಿಂದ ಮನ್ಮಥ, 1956ರಿಂದ ದುರ್ಮುಖಿ, 1957ರಿಂದ ಹೇವಿಳಂಬಿ. ಸಂವತ್ಸರದ ಹೆಸರು ತಿಳಿದರೆ ವರ್ಷ ಬಹುಮಟ್ಟಿಗೆ ನಿಲ್ಲುತ್ತದೆ.

ಮತ್ತೊಂದು, ಬಹಳ ಜನ ಬಿಟ್ಟುಬಿಡುವ ವಿಷಯ. ಅರ್ಜಿ ಹಾಕಿದ ದಾಖಲೆ ಸಿಗಲಿಲ್ಲ ಎಂದು ಕಚೇರಿಯವರು ಬಾಯಲ್ಲಿ ಹೇಳಿದರೆ ಎದ್ದು ಬರಬೇಡಿ. "ಹುಡುಕಲಾಗಿ ಸದರಿ ಕಡತವು ಲಭ್ಯವಿರುವುದಿಲ್ಲ" ಎಂದು ಸಹಿ, ಮೊಹರು ಹಾಕಿದ ಹಿಂಬರಹ ತೆಗೆದುಕೊಳ್ಳಿ. ನಾಳೆ ಆ ದಾಖಲೆಯ ಜೆರಾಕ್ಸನ್ನೋ ಬೇರೆ ಕಡೆಯ ನಕಲನ್ನೋ ಕೋರ್ಟಿನಲ್ಲಿ ಹಾಜರು ಮಾಡಬೇಕಾದರೆ ಮೂಲ ಏಕಿಲ್ಲ ಎಂಬುದಕ್ಕೆ ಆ ಹಿಂಬರಹವೇ ಉತ್ತರ.

ಸರ್ವೆ ಸರಪಳಿ

ಭೂಮಾಪನ ಕಡೆಯಿಂದ ಒಂದು ಎಚ್ಚರಿಕೆ. ಪಹಣಿಯಲ್ಲಿ ಹಿಂದಕ್ಕೆ ಹೋಗುತ್ತಾ ಹೋಗುತ್ತಾ ಒಂದು ಕಡೆ ಸರ್ವೆ ನಂಬರೇ ಬದಲಾಗುತ್ತದೆ. ಮೊದಲು 42 ಎಂದಿದ್ದದ್ದು ಪೋಡಿಯಾಗಿ (ತುಂಡುಗಳಾಗಿ ಒಡೆದು) 42/1, 42/2 ಆಗಿರುತ್ತದೆ. ಕೆಲವು ಊರುಗಳಲ್ಲಿ ರೀ-ಸರ್ವೆ ಆಗಿ ಹಳೇ ನಂಬರಿಗೂ ಹೊಸ ನಂಬರಿಗೂ ಸಂಬಂಧವೇ ಇರುವುದಿಲ್ಲ. ನಿಮ್ಮ ಮುತ್ತಾತನ ಹೆಸರು ಹಳೇ 42ರಲ್ಲಿ ಇದ್ದು ದಾವೆಯ ಷೆಡ್ಯೂಲಿನಲ್ಲಿ ಬೇರೆ ನಂಬರಿದ್ದರೆ, "ಇದು ಬೇರೆ ಜಮೀನು" ಎಂದು ಎದುರಿನವರು ಒಂದೇ ಮಾತಿನಲ್ಲಿ ಹೇಳಿಬಿಡುತ್ತಾರೆ.

ಅದಕ್ಕೆ ಎ.ಡಿ.ಎಲ್.ಆರ್. (ಭೂದಾಖಲೆಗಳ ಸಹಾಯಕ ನಿರ್ದೇಶಕರ) ಕಚೇರಿಯಲ್ಲಿ ಮೂಲ ಟಿಪ್ಪಣಿ, ಹಿಸ್ಸಾ ಟಿಪ್ಪಣಿ, ಪಕ್ಕಾ ಪುಸ್ತಕ, ಆಕಾರ್‌ಬಂದ್ ಎಂಬ ನಾಲ್ಕು ಸರ್ವೆ ದಾಖಲೆಗಳ ನಕಲೂ ತೆಗೆಸಿ. ಯಾವ ನಂಬರಿನಿಂದ ಯಾವ ಹಿಸ್ಸೆ ಒಡೆಯಿತು, ಆಗ ಹಿಸ್ಸೆದಾರ ಯಾರು ಎಂಬುದು ಹಿಸ್ಸಾ ದಾಖಲೆಯಲ್ಲಿ ಇರುತ್ತದೆ. ಚಕ್ಕುಬಂದಿಯನ್ನೂ (ನಾಲ್ಕು ದಿಕ್ಕಿನ ಎಲ್ಲೆ) ತಾಳೆ ನೋಡಿ. ನಂಬರು ಬದಲಾದರೂ ಪೂರ್ವಕ್ಕೆ ಕೆರೆ ಏರಿ, ಪಶ್ಚಿಮಕ್ಕೆ ಓಣಿ ಎಂಬುದು ಬದಲಾಗುವುದಿಲ್ಲ.

ಕಲಬುರಗಿ ಕಡೆಯವ

ನಮ್ಮ ಕಡಿಯವರು ಯಾರಾದರೂ ಓದಾಕತ್ತಿದ್ರ ಅವರಿಗಾಗಿ ಬರೀತೀನಿ. ನಿಜಾಮ್ ಸೀಮೆಯ ಜಿಲ್ಲೆಗಳಾಗ ಐ.ಎಲ್., ಆರ್.ಆರ್. ಹುಡುಕಿದ್ರ ಸಿಗೂದಿಲ್ಲ. ನಮಗ 1954-55ರ ಖಾಸ್ರಾ ಪಹಣಿನೇ ಬುನಾದಿ. ಅದಕ್ಕಿಂತ ಹಿಂದಿನ ಸೇತ್ವಾರ್ (ಹಳೇ ಸರ್ವೆ ಪುಸ್ತಕ) ಉರ್ದುನಾಗ ಇರ್ತದ. ಅದನ್ನ ಓದಿ ತರ್ಜುಮೆ ಮಾಡೋರು ಈಗ ಭಾಳ ಕಡಿಮಿ ಆಗ್ಯಾರ, ಹಿರಿಯರು ಇದ್ದಾಗಲೇ ಮಾಡಿಸಿಕೊಳ್ರಿ.

ಕರಾವಳಿಗ

ದಕ್ಷಿಣ ಕನ್ನಡ, ಉಡುಪಿಯವರಿಗೂ ಒಂದು ಮಾತು. ನಿಮ್ಮದು ಅಳಿಯಸಂತಾನದ ಕುಟುಂಬವಾದರೆ ಮೇಲೆ ಹೇಳಿದ ತಂದೆ-ತಾತನ ಲೆಕ್ಕ ಹಾಗೆಯೇ ಹೊಂದುವುದಿಲ್ಲ. ಹಕ್ಕು ತಾಯಿಯ ಕಡೆಯಿಂದ, ಕವರಿನ (ತಾಯಿಯ ಸಂತತಿಯ ಕವಲಿನ) ಲೆಕ್ಕದಲ್ಲಿ ಬರುವುದು. 1949ರ ಅಳಿಯಸಂತಾನ ಕಾಯಿದೆ, ಆಮೇಲೆ 1956ರ ಕಾಯಿದೆಯ 7ನೇ ಕಲಂ ಎರಡನ್ನೂ ನೋಡಬೇಕು. ಹಳೆಯ ಹುಡುಕಾಟಕ್ಕೆ ಅಡಂಗಲ್, ವರ್ಗದ ನಂಬರು, ಮೂಲಗೇಣಿ ಚೀಟು ಇವೇ ದಾರಿ.

ಮೂಡಲ ಹೊಲ

ನಾನು ಇಲ್ಲಿ ಅಣ್ಣಂದಿರ ಜಾಗದಲ್ಲಿ ಇರುವವನು. ಬೇಸರ ಮಾಡಿಕೊಳ್ಳಬೇಡಿ, ಮನಸ್ಸಿನಲ್ಲಿರುವುದನ್ನು ಹೇಳುತ್ತೇನೆ.

ಅಪ್ಪನ ಜೊತೆ ಇಪ್ಪತ್ತು ವರ್ಷ ಮಣ್ಣು ಹೊತ್ತವರು ನಾವು. ಕಲ್ಲು ಬಿದ್ದಿದ್ದ ಖುಷ್ಕಿಯನ್ನು ತೋಟ ಮಾಡಿದ್ದು, ಬೋರ್‌ವೆಲ್ ಬಿದ್ದುಹೋದಾಗ ಸಾಲ ತೀರಿಸಿದ್ದು, ಅಪ್ಪ ಹಾಸಿಗೆ ಹಿಡಿದಾಗ ನೋಡಿಕೊಂಡದ್ದು ಎಲ್ಲ ಒಂದು ಕಡೆ. ಜಮೀನಿನ ಬೆಲೆ ಏರಿದ ಮೇಲೆ ತಂಗಿ ನೋಟಿಸ್ ಕಳಿಸುವುದು ಇನ್ನೊಂದು ಕಡೆ. ಅಪ್ಪ ತಿಳಿದೇ ವಿಲ್ ಬರೆದಿರುತ್ತಾರೆ. ಕರ್ನಾಟಕದ್ದೇ ಒಂದು ಪ್ರಕರಣದಲ್ಲಿ 2025ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್ ತಂದೆ ಕೊಂಡ ಜಮೀನನ್ನು ಸ್ವಯಾರ್ಜಿತ ಎಂದೇ ಹೇಳಿದೆ. ಮಕ್ಕಳ ವಾದ ನಿಲ್ಲಲಿಲ್ಲ.

ಧಾರವಾಡದ ವಕೀಲ

ಅಣ್ಣಾರ, ನಿಮ್ಮ ಸಂಕಟ ಸುಳ್ಳಲ್ಲ. ಕಾನೂನಿನಾಗ ಅದಕ್ಕೂ ಜಾಗ ಅದ. ಯಾರು ಯಾವ ತುಂಡನ್ನ ಅಭಿವೃದ್ಧಿ ಮಾಡ್ಯಾರೋ ಆ ತುಂಡನ್ನ ಆದಷ್ಟು ಅವರ ಪಾಲಿಗೇ ಹಾಕೂದು, ಮಾಡಿದ ಖರ್ಚಿನ ಲೆಕ್ಕ ನೋಡೂದು ಎಲ್ಲಾ ಅಂತಿಮ ಡಿಕ್ರಿ ಹೊತ್ತಿನಾಗ ಕೇಳಬಹುದು. ಆದ್ರ ಅದು ಯಾವ ತುಂಡು ಯಾರಿಗೆ ಅನ್ನೂ ಮಾತು. ತಂಗಿಗೆ ಹಕ್ಕೇ ಇಲ್ಲ ಅನ್ನೂದಕ್ಕ ಅದು ಕಾರಣ ಆಗೂದಿಲ್ಲ.

2025ರ ತೀರ್ಪು ನಾನೂ ಓದೀನಿ. ಅಲ್ಲಿ ಅಣ್ಣತಮ್ಮಂದಿರ ನಡುವ ಮೊದಲೇ ರಿಜಿಸ್ಟರ್ ಪಾಲು ಆಗಿತ್ತು, ಒಬ್ಬ ತಮ್ಮನ ಪಾಲಿಗೆ ಹೋದ ಜಮೀನನ್ನ ತಂದೆ ಕ್ರಯಕ್ಕ ಕೊಂಡಿದ್ದ. ಆ ರೊಕ್ಕ ಒಟ್ಟು ಕುಟುಂಬದ್ದು ಅಂತ ಮಕ್ಕಳು ತೋರಿಸಲಿಲ್ಲ. ಅದರಿಂದ ಕಲಿಯೂದು ಇಷ್ಟ: 1971ರ ರೊಕ್ಕ ಎಲ್ಲಿಂದ ಬಂತು ಅನ್ನೂದಕ್ಕ ಕಾಗದ ಇರಬೇಕು.

ಇನ್ನ 1996ರ ಪಾಲುಪಟ್ಟಿ. ಅಕ್ಕಾರ ಮದುವಿ 1992ರಾಗ ಆಗೇದ. ಹೆಣ್ಣುಮಕ್ಕಳಿಗೂ ಪಿತ್ರಾರ್ಜಿತದಾಗ ಸಮಪಾಲು ಕೊಟ್ಟ ನಮ್ಮ ರಾಜ್ಯದ ತಿದ್ದುಪಡಿ ಜಾರಿ ಆದದ್ದು 1994ರ ಜುಲೈ 30ಕ್ಕ, ಅದು ಅಷ್ಟೊತ್ತಿಗೆ ಮದುವಿ ಆದ ಹೆಣ್ಣುಮಕ್ಕಳಿಗೆ ಅನ್ವಯ ಇರಲಿಲ್ಲ. ಆದ್ರ 2005ರ ಸೆಪ್ಟೆಂಬರ್ 9ರ ಕೇಂದ್ರ ತಿದ್ದುಪಡಿ ಮದುವಿ ನೋಡೂದಿಲ್ಲ. ಮಗಳು ಹುಟ್ಟಿನಿಂದಲೇ ಮಗನ ಸಮ. ಅವತ್ತು ತಂದೆ ಬದುಕಿರಬೇಕು ಅನ್ನೂ ಷರತ್ತೂ ಇಲ್ಲ ಅಂತ 2020ರ ಆಗಸ್ಟ್ 11ರಂದು ವಿನೀತಾ ಶರ್ಮಾ ಪ್ರಕರಣದಾಗ ಮೂವರು ನ್ಯಾಯಮೂರ್ತಿಗಳು ತೀರ್ಮಾನ ಕೊಟ್ಟಾರ. ಹಳೇ ಪಾಲು ಉಳೀಬೇಕಾದ್ರ ಅದು 2004ರ ಡಿಸೆಂಬರ್ 20ಕ್ಕಿಂತ ಮೊದಲು ಆಗಿರಬೇಕು, ರಿಜಿಸ್ಟರ್ ಪತ್ರದಿಂದ ಅಥವಾ ಕೋರ್ಟ್ ಡಿಕ್ರಿಯಿಂದ ಆಗಿರಬೇಕು. ಬಾಯಿ ಮಾತಿನ ಪಾಲನ್ನ ಒಪ್ಪೂದು ಅಪರೂಪಕ್ಕ, ಅದೂ ಸಾರ್ವಜನಿಕ ದಾಖಲೆ ಗಟ್ಟಿ ಇದ್ರ ಮಾತ್ರ. ಹಂಗಾಗಿ ನೋಡಬೇಕಾದ್ದು: 1996ರ ಆಮ್ಯಾಲೆ ಪಹಣಿ ಅಣ್ಣಂದಿರ ಹೆಸರಿಗೆ ಬೇರೆ ಬೇರೆ ಆಗಿತ್ತೇನು? 2015ರಾಗ ತಂದೆನೇ ಎಲ್ಲಾ ತನ್ನದು ಅಂತ ವಿಲ್ ಬರದಾನಂದ್ರ, 1996ರಾಗ ಪಾಲು ಆಗಿ ಮಕ್ಕಳಿಗೆ ಹೋಗಿತ್ತು ಅನ್ನೂ ಮಾತು ಹೆಂಗ ನಿಲ್ತದ? ಅವರ ಎರಡು ವಾದ ಒಂದಕ್ಕೊಂದು ಎದುರು ನಿಂತಾವ. ನಿಮ್ಮ ವಕೀಲರು ಪಾಟೀ ಸವಾಲಿನಾಗ ಅದನ್ನ ಹಿಡೀಲಿ.

ಮಂಡ್ಯದ ರೈತ

ಹೆಳವರನ್ನು ಯಾರೂ ಹೇಳಲೇ ಇಲ್ಲವಲ್ಲ. ನಮ್ಮ ಮನೆತನದ ಹೆಳವರು ಬಂದರೆ ಏಳೆಂಟು ತಲೆಮಾರು ಒಪ್ಪಿಸುತ್ತಾರೆ, ಯಾರು ಯಾವ ಊರಿಂದ ಬಂದರು, ಯಾರಿಗೆ ಎಷ್ಟು ಮಕ್ಕಳು ಎಂದು ದಫ್ತರದಲ್ಲಿ ಬರೆದಿಟ್ಟಿದ್ದಾರೆ. ಅದು ಕೋರ್ಟಿಗೆ ಆಗುವುದಿಲ್ಲವೇ?

ಧಾರವಾಡದ ವಕೀಲ

ವಂಶಾವಳಿಯ ಬಗ್ಗೆ ತಕರಾರು ಇದ್ರ ಬೆಂಬಲಕ್ಕ ಆಗ್ತದ. ಆದ್ರ ದಫ್ತರ ಇಟ್ಟವರೇ ಬಂದು ಸಾಕ್ಷಿ ಹೇಳಬೇಕು, ಯಾವಾಗ ಯಾರು ಬರದ್ರು ಅನ್ನೂದು ಹೊರಗ ಬರಬೇಕು. ಅದೂ ಸಂಬಂಧಕ್ಕಷ್ಟೇ. ಜಮೀನಿಗಲ್ಲ. ಈ ಅಕ್ಕಾರ ಪ್ರಕರಣದಾಗ ಸಂಬಂಧದ ತಕರಾರೇ ಇಲ್ಲ, ಒಡಹುಟ್ಟಿದವರೇ ಎದುರಿಗೆ ಅದಾರ.

ತಿಪಟೂರು ಸೀಮೆ

ತಡವಾಗಿ ಬರೆಯುತ್ತಿದ್ದೇನೆ, ಕಾಗದ ಕೂಡಿಸುವುದರಲ್ಲೇ ಇದ್ದೆ. ನೀವೆಲ್ಲ ಹೇಳಿದ ದಾರಿಯಲ್ಲೇ ಹೋದೆ. ಸಿಕ್ಕಿದ್ದನ್ನು ಹೇಳುತ್ತೇನೆ.

ತೋಟದ್ದು: ಆರ್.ಆರ್. ಪುಸ್ತಕದ ಆ ಪುಟ ಹರಿದುಹೋಗಿದೆ, ಅದಕ್ಕೆ ಹಿಂಬರಹ ಕೊಟ್ಟಿದ್ದಾರೆ. ಆದರೆ ಇಂಡೆಕ್ಸ್ ಆಫ್ ಲ್ಯಾಂಡ್ಸ್‌ನಲ್ಲಿ ಮುತ್ತಾತನ ಹೆಸರು ಇದ್ದು, ಅದನ್ನು ಕೆಂಪು ಶಾಯಿಯಲ್ಲಿ ಹೊಡೆದು ಕೆಳಗೆ ತಾತನ ಹೆಸರು ಬರೆದಿದ್ದಾರೆ. ಪಕ್ಕದಲ್ಲಿ "ಪೌತಿ" ಎಂದಿದೆ.

ಅದಕ್ಕಿಂತ ದೊಡ್ಡದು ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಸಿಕ್ಕಿತು. ಆನ್‌ಲೈನಿನಲ್ಲಿ ಬರುವ ಇ.ಸಿ. (ಋಣಭಾರ ಪತ್ರ) 2004ರಿಂದ ಈಚಿನದು ಮಾತ್ರ, ಹಾಗಾಗಿ ಹಳೆಯದಕ್ಕೆ ಕಚೇರಿಯಲ್ಲೇ ಅರ್ಜಿ ಕೊಟ್ಟು ಅಪ್ಪನ ಹೆಸರಿನ ಮೇಲೆ ಸೂಚಿ ಹುಡುಕಿಸಿದೆ. 1968ರಲ್ಲಿ ಬಾವಿ ತೋಡಿಸಲು ಅಪ್ಪ ಸಹಕಾರಿ ಬ್ಯಾಂಕಿಗೆ ತೋಟವನ್ನು ಅಡಮಾನ ಮಾಡಿದ ಪತ್ರ ಬಂತು. ಅದರಲ್ಲಿ ಅಪ್ಪ ಹೇಳಿರುವ ಮಾತು ಹೀಗಿದೆ: "ನನಗೆ ಪಿತ್ರಾರ್ಜಿತವಾಗಿ ಬಂದು ನನ್ನ ಸ್ವಾಧೀನಾನುಭವದಲ್ಲಿರುವ ಈ ಕೆಳಕಂಡ ಷೆಡ್ಯೂಲ್ ಸ್ವತ್ತು." ಕೆಳಗೆ ಅಪ್ಪನ ಸಹಿ. ಅಪ್ಪನ ಆ ವಯಸ್ಸಿನ ಅಕ್ಷರ ನಾನು ನೋಡಿಯೇ ಇರಲಿಲ್ಲ.

1971ರದ್ದು: ಕ್ರಯಪತ್ರದಲ್ಲಿ ಹಣ ಎಲ್ಲಿಂದ ಬಂತು ಎಂದು ಇಲ್ಲ. ಆದರೆ ಅದೇ ಸೂಚಿಯಲ್ಲಿ ಅದೇ ವರ್ಷ, ಒಂದು ತಿಂಗಳು ಮುಂಚೆ, ಕೆರೆ ಕೆಳಗಿನ ಹದಿನೈದು ಗುಂಟೆ ತರಿ ಜಮೀನನ್ನು ಅಪ್ಪ ಮಾರಿದ ಪತ್ರ ಇದೆ. ಆ ಗದ್ದೆ ನಮ್ಮದಾಗಿತ್ತು ಎಂದೇ ನಮಗ್ಯಾರಿಗೂ ಗೊತ್ತಿರಲಿಲ್ಲ. ಅದು ತಾತನ ಹೆಸರಿನಿಂದ ಬಂದದ್ದು ಎಂದು ಆ ಪತ್ರದಲ್ಲೇ ಬರೆದಿದೆ. "ಬೇರೆ ಜಮೀನು ಖರೀದಿಸುವ ಸಲುವಾಗಿ" ಮಾರುತ್ತಿದ್ದೇನೆ ಎಂದೂ ಇದೆ.

ಕಡತದ ಕೋಣೆ

ತಾಯಿ, ಇದು ಬಹಳ ಒಳ್ಳೆಯ ಸಾಕ್ಷ್ಯ. ಪಹಣಿಯ ನಮೂದನ್ನು ತಪ್ಪೆಂದು ತೋರಿಸುವವರೆಗೂ ಸರಿಯೆಂದು ಭಾವಿಸಬೇಕು ಎಂದು ಭೂಕಂದಾಯ ಕಾಯಿದೆಯ 133ನೇ ಕಲಂ ಹೇಳುತ್ತದೆ ನಿಜ, ಆದರೆ ಅದರಿಂದ ಮಾಲೀಕತ್ವ ಹುಟ್ಟುವುದಿಲ್ಲ. ನಿಮ್ಮ ಅಪ್ಪನೇ ಯಾವ ಜಗಳವೂ ಇಲ್ಲದ ಕಾಲದಲ್ಲಿ ರಿಜಿಸ್ಟರ್ ಪತ್ರದಲ್ಲಿ ಒಪ್ಪಿ ಬರೆದದ್ದು ಅದಕ್ಕಿಂತ ತೂಕದ್ದು. 2015ರ ವಿಲ್‌ನಲ್ಲಿ "ಸ್ವಯಾರ್ಜಿತ" ಎಂದು ಬರೆಸಿದ ಮಾತ್ರಕ್ಕೆ 1968ರ ಮಾತು ಅಳಿಸಿಹೋಗುವುದಿಲ್ಲ.

ಫಾರಂ 7ರ ಜಮೀನು ಮರೆಯಬೇಡಿ. ಭೂ ನ್ಯಾಯಮಂಡಳಿಯ ಆದೇಶ ಮಾತ್ರ ಸಾಲದು, ಇಡೀ ಕಡತದ ನಕಲು ಕೇಳಿ. ಫಾರಂ 7ರಲ್ಲಿ ಎಂದಿನಿಂದ ಗೇಣಿ ಎಂದು ಅಪ್ಪ ಏನು ಬರೆದಿದ್ದಾರೆ, ಮಂಡಳಿಯ ಮುಂದೆ ಏನು ಹೇಳಿಕೆ ಕೊಟ್ಟಿದ್ದಾರೆ ನೋಡಿ. "ನಮ್ಮ ತಂದೆಯ ಕಾಲದಿಂದ ಗೇಣಿ ಮಾಡುತ್ತಿದ್ದೇವೆ" ಎಂದಿದ್ದರೆ ಗೇಣಿ ಕುಟುಂಬದ್ದು, ಅರ್ಜಿ ಹಾಕಿದ ಹೆಸರು ಒಬ್ಬರದಾದರೂ ಹಕ್ಕು ಎಲ್ಲರದು ಎಂದು ವಾದಿಸಬಹುದು. ಜೊತೆಗೆ 1974ರ ಹಿಂದಿನ ಪಹಣಿಗಳ 12ನೇ ಕಾಲಂ, ಸಾಗುವಳಿದಾರನ ಹೆಸರು. ಹಳೇ ಮನೆಗೆ ಪಂಚಾಯಿತಿಯ ಡಿಮಾಂಡ್ ರಿಜಿಸ್ಟರ್ ಮತ್ತು ಹಳೆಯ ಕಂದಾಯದ ರಸೀದಿ ಸಾಕು.

ಧಾರವಾಡದ ವಕೀಲ

ಗದ್ದಿ ಮಾರಿದ ಪತ್ರ, ಹೊಲ ಕೊಂಡ ಪತ್ರ ಎರಡೂ ಒಂದರ ಪಕ್ಕ ಒಂದು ನಿಶಾನೆ ಮಾಡಿಸ್ರಿ. ನ್ಯೂಕ್ಲಿಯಸ್‌ಗೆ ಇದಕ್ಕಿಂತ ನೇರ ಪುರಾವೆ ನನ್ನ ಅನುಭವದಾಗ ಕಡಿಮಿ. ಮಾರಿದ ಮೊತ್ತ, ಕೊಂಡ ಮೊತ್ತ ತಾಳೆ ನೋಡ್ರಿ, ಕಡಿಮಿ ಬಿದ್ರ ಉಳಿದದ್ದು ತೋಟದ ಉತ್ಪನ್ನದಿಂದ ಅಂತ ಹೇಳಬೇಕಾಗ್ತದ. ಎರಡೂ ಮೂವತ್ತು ವರ್ಷ ದಾಟಿದ ಪತ್ರ. ಮೂಲ ಪ್ರತಿ ಸರಿಯಾದ ಕೈಯಿಂದ ಬ್ಯಾಂಕಿನಿಂದಲೋ ಮನೆಯಿಂದಲೋ ಹೊರಗ ಬಂದ್ರ ಸಹಿ ಸಾಬೀತಿನ ಕಷ್ಟನೂ ಹಗುರ ಆಗ್ತದ.

ವಿಲ್ ರಿಜಿಸ್ಟರ್ ಆಗೇದ ಅಂತ ಹೆದರಬ್ಯಾಡ್ರಿ. ರಿಜಿಸ್ಟರ್ ಆದ್ರೂ ಸಹಿ ಹಾಕಿದ ಸಾಕ್ಷಿಗಳಾಗ ಒಬ್ಬರಾದರೂ ಬಂದು ಹೇಳಬೇಕು, ಅನುಮಾನ ಬರೂವಂಥದ್ದು ಇದ್ರ ಅದನ್ನ ವಿಲ್ ಹಿಡಕೊಂಡು ಬಂದವರೇ ತಿಳಿಗೊಳಿಸಬೇಕು. 1959ರ ವೆಂಕಟಾಚಲ ಅಯ್ಯಂಗಾರ್ ಪ್ರಕರಣದಿಂದ ಇದು ಗಟ್ಟಿ ಕಾನೂನು, ಅದೂ ಮೈಸೂರು ಸೀಮೆಯಿಂದಲೇ ಹೋದದ್ದು.

ತಾತ 1956ಕ್ಕ ಮೊದಲೇ ತೀರಿದ್ರು, ನಿಮ್ಮ ತಂದೆಯ ಅಕ್ಕತಂಗಿಯರ ಹಕ್ಕಿನ ಪ್ರಶ್ನೆ ಬರಲಿಲ್ಲ ಅಂತ ಇಟ್ಕೊಂಡ್ರ ಲೆಕ್ಕ ಹಿಂಗ: ತಂದೆ, ಇಬ್ಬರು ಅಣ್ಣಂದಿರು, ನೀವು, ನಾಲ್ಕು ಪಾಲು. ವಿಲ್ ನಿಂತ್ರೂ ಅದು ತಂದೆಯ ಕಾಲುಭಾಗಕ್ಕ ಮಾತ್ರ. ನಿಮ್ಮ ಕಾಲುಭಾಗ ನಿಮ್ಮದೇ. ವಿಲ್ ಬಿದ್ರ ಮೂರನೇ ಒಂದು. ಹಂಗಾದ್ರ ಕೇಳಬೇಕಾತು, ನಿಮ್ಮ ತಂದೆಗೆ ಅಕ್ಕತಂಗಿ ಇದ್ರೇನು?

ತಿಪಟೂರು ಸೀಮೆ

ಒಬ್ಬರೇ ಅತ್ತೆ. ಈಗ ಎಂಬತ್ತೈದು ದಾಟಿದೆ, ಅರಸೀಕೆರೆ ಕಡೆ ಮಗನ ಮನೆಯಲ್ಲಿದ್ದಾರೆ. ನೆನಪು ಚೆನ್ನಾಗಿದೆ. ತಾತ ಹೋದಾಗ ತನಗೆ ಇನ್ನೂ ಮದುವೆ ಆಗಿರಲಿಲ್ಲ ಎನ್ನುತ್ತಾರೆ.

ಧಾರವಾಡದ ವಕೀಲ

ಹಂಗಿದ್ರ ಅವರನ್ನ ಬಿಟ್ಟು ದಾವೆ ಹಾಕಲೇಬ್ಯಾಡ್ರಿ. ತಾತ 1956ರ ನಂತರ ತೀರಿದ್ರ ತಾತನ ಭಾಗದಾಗ ಅತ್ತೆಗೆ ಪಾಲು ಬರ್ತದ. ಮೊದಲೇ ತೀರಿದ್ರೂ ನಿಮ್ಮದು ಮೈಸೂರು ಸಂಸ್ಥಾನದ ಊರು, ಅಲ್ಲಿ 1933ರಾಗಲೇ ಹೆಂಗಸರ ಹಕ್ಕಿನ ಕಾಯಿದೆ ಆಗಿತ್ತು. ಉಳಿದ ಒಬ್ಬನೇ ಗಂಡುಮಗನಿಗೆ ಆಸ್ತಿ ಹೋಗುವಾಗ ಮದುವಿ ಆಗದ ಮಗಳ ಪಾಲಿಗೆ ಒಳಪಟ್ಟೇ ಹೋಗ್ತದ ಅಂತ ಅದರ 8ನೇ ಕಲಂನಾಗ ಅದ. ಇಷ್ಟು ವರ್ಷದ ಮ್ಯಾಲೆ ಆ ಹಕ್ಕು ನಿಲ್ತದೋ ಇಲ್ಲೋ ಅನ್ನೂದು ವಾದದ ವಿಷಯ. ಆದ್ರ ಅವರನ್ನ ಪಾರ್ಟಿ ಮಾಡದಿದ್ರ ದಾವೆ ಅಲ್ಲೇ ಮುಗ್ಗರಿಸ್ತದ. ಹಂಗೇ ಆಸ್ತಿ ಒಂದನ್ನೂ ಬಿಡಬ್ಯಾಡ್ರಿ, ಊರ ಮನಿ ಸಹಿತ ಎಲ್ಲಾ ಷೆಡ್ಯೂಲಿನಾಗ ಬರಲಿ.

ಕೋರ್ಟ್ ಫೀಗೆ ಅಂಜಬ್ಯಾಡ್ರಿ. ಒಟ್ಟು ಸ್ವಾಧೀನದಾಗ ಅದೀನಿ ಅಂತ ಹಾಕಿದ್ರ ಕೋರ್ಟ್ ಫೀ ಕಾಯಿದೆಯ 35(2)ನೇ ಕಲಂ ಕೆಳಗ ಹೆಚ್ಚಂದ್ರ 200 ರೂಪಾಯಿ. ಹೊರಗ ಹಾಕ್ಯಾರ ಅಂತ ನೀವೇ ಬರದ್ರ ನಿಮ್ಮ ಪಾಲಿನ ಮಾರುಕಟ್ಟಿ ಬೆಲೆ ಮ್ಯಾಲೆ ಕಟ್ಟಬೇಕಾಗ್ತದ. ನಿಜ ಏನದನೋ ಅದನ್ನ ವಕೀಲರ ಮುಂದ ಹೇಳಿ ಬರಸ್ರಿ. ಜೊತೆಗೆ ಜಮೀನು ಪರಭಾರೆ ಆಗದಂಗ ತಡೆಯಾಜ್ಞೆ ಅರ್ಜಿನೂ ಇರಲಿ.

ಕಡತದ ಕೋಣೆ

ವಕೀಲರು ಹೇಳಿದ್ದಕ್ಕೆ ಒಂದು ಸೇರಿಸುತ್ತೇನೆ. ತಾತ ತೀರಿದ ವರ್ಷವನ್ನು ಕಣ್ಣಾರೆ ಕಂಡು ಹೇಳಬಲ್ಲವರು ಈಗ ನಿಮ್ಮ ಅತ್ತೆ ಒಬ್ಬರೇ. ಅವರ ಮದುವೆಯ ಲಗ್ನಪತ್ರಿಕೆ ಯಾರ ಮನೆಯ ಪೆಟ್ಟಿಗೆಯಲ್ಲಾದರೂ ಇದೆಯೇ ಕೇಳಿ. ಅದರಲ್ಲಿ ತಾತನ ಹೆಸರಿನ ಹಿಂದೆ "ದಿವಂಗತ" ಎಂದಿದ್ದರೆ ಅದೂ ಸಾಕ್ಷ್ಯವೇ. ಅವರ ವಯಸ್ಸು ನೋಡಿ, ದಾವೆ ಹಾಕಿದ ಕೂಡಲೇ ಅವರ ಸಾಕ್ಷ್ಯವನ್ನು ಮೊದಲೇ, ಬೇಕಾದರೆ ಮನೆಗೇ ಕಮಿಷನರ್ ಕಳಿಸಿ ದಾಖಲಿಸಿಕೊಳ್ಳುವಂತೆ ಅರ್ಜಿ ಕೊಡಿಸಿ.

ತಿಪಟೂರು ಸೀಮೆ

ಲಗ್ನಪತ್ರಿಕೆ ಅತ್ತೆಯ ಬಳಿಯೇ ಇದೆಯಂತೆ. ಫೋನಿನಲ್ಲಿ ಕೇಳಿದೆ. ಸೋಮವಾರ ಅರಸೀಕೆರೆಗೆ ಹೋಗುತ್ತಿದ್ದೇನೆ. ವಕೀಲರನ್ನೂ ಕರೆದುಕೊಂಡು ಹೋಗುತ್ತೇನೆ.